ಕ್ಯಾಸೆಟ್ ತಿರುಗಿಸುವ ಹೊತ್ತು

ಹೊಳಲ್ಕೆರೆಯ ಗಿಟಾರ್ ಲಕ್ಷ್ಮೀಕಾಂತ್ ತನ್ನ ಕಾರ್ಯಕ್ರಮಗಳ ಕ್ಯಾಸೆಟ್ಟುಗಳನ್ನೆಲ್ಲ ಗೋಣಿಚೀಲವೊಂದಕ್ಕೆ ತುಂಬಿ ಮಾರಿಕಣಿವೆ ಅಣೆಕಟ್ಟಿನ ನೀರಿಗೆ ಎಸೆದು ಬಂದನೆಂಬ ಮಾತು ಆ ಕಡೆಯ ತಾಲ್ಲೂಕುಗಳಲ್ಲಿ ಇಂದಿಗೂ ಓಡಾಡುತ್ತಿದೆ. ಹಿರಿಯೂರಿನಲ್ಲಿ ಹೇಳುವಾಗ ಚೀಲ ಒಂದು. ಹೊಸದುರ್ಗಕ್ಕೆ ಬರುವಷ್ಟರಲ್ಲಿ ಅದು ಎರಡಾಗಿರುತ್ತದೆ. ಚಿತ್ರದುರ್ಗದ ಮೈಕ್ ಸೆಟ್ಟಿನ ಅಂಗಡಿಗಳಲ್ಲಿ ಕೇಳಿದರೆ ಚೀಲದ ಹಿಂದೆಯೇ ಗಿಟಾರೂ ನೀರಿಗೆ ಬಿದ್ದಿರುತ್ತದೆ. ಗಿಟಾರಿನ ಹಿಂದೆ ಆತನೂ ಹಾರಲು ಹೋಗಿದ್ದ, ಜೊತೆಗಿದ್ದವನು ಅಂಗಿ ಹಿಡಿದೆಳೆದ ಎನ್ನುವವರೂ ಇದ್ದಾರೆ.

ಈ ಮಾತಿನ ಮೂಲ ಅಣೆಕಟ್ಟಿನ ಸಮೀಪ ಚಹಾದಂಗಡಿ ಇಟ್ಟುಕೊಂಡಿದ್ದ ಬೋರಯ್ಯ. "ಚೀಲ ಹೊತ್ಕಂಡು ಹೋಗಿದ್ದು ಈ ಕಣ್ಣಾಗೆ ನೋಡೀನಿ. ವಾಪಸ್ ಬರುವಾಗ ಖಾಲಿ ಚೀಲ ಮಡಚಿ ಕಂಕುಳಾಗೆ ಇಟ್ಕಂಡಿದ್ರು. ಇಬ್ರೂ ಮಾತಿಲ್ಲ, ಕತೆಯಿಲ್ಲ. ಏನೋ ಮುಳುಗ್ಸಿ ಬಂದವ್ರೆ ಅಂತ ಮುಖ ನೋಡಿದ್ರೇ ಗೊತ್ತಾಗ್ತಿತ್ತು" ಎಂದು ಅವನು ವರ್ಷಗಳ ಕಾಲ ಗಿರಾಕಿಗಳಿಗೆ ಹೇಳಿದ.

ಬೋರಯ್ಯ ಕಂಡದ್ದು ಸುಳ್ಳಲ್ಲ. ಎರಡು ಸಾವಿರದ ಮೂರನೆಯ ಇಸವಿಯ ಫೆಬ್ರುವರಿ ಹದಿನಾಲ್ಕು, ಶುಕ್ರವಾರ, ಲಕ್ಷ್ಮೀಕಾಂತನೂ ಅವನ ಗೆಳೆಯ ಮೈಕ್ ಸೆಟ್ಟಿನ ಮೂರ್ತಪ್ಪನೂ ಚೀಲ ಹೊತ್ತು ಆ ದಾರಿಯಲ್ಲಿ ಹೋದದ್ದು ನಿಜ, ಖಾಲಿ ಚೀಲದೊಂದಿಗೆ ಮರಳಿದ್ದೂ ನಿಜ. ಆದರೆ ಆ ಚೀಲದಲ್ಲಿ ಕಾರ್ಯಕ್ರಮದ ಕ್ಯಾಸೆಟ್ ಒಂದೂ ಇರಲಿಲ್ಲ. ಅಂಥವು ಒಟ್ಟು ನೂರ ಹದಿನಾಲ್ಕು. ಅಷ್ಟೂ ಅಂದು ಚಿತ್ರದುರ್ಗದಲ್ಲಿ ಮೂರ್ತಪ್ಪನ ಅಂಗಡಿಯ ಅಟ್ಟದ ಮೇಲೆ ತಮ್ಮ ಪಾಡಿಗೆ ತಾವಿದ್ದವು. ಅವನ್ನು ನೀರಿಗೆ ಹಾಕಬೇಕೆಂದು ಲಕ್ಷ್ಮೀಕಾಂತನಿಗೆ ಅನ್ನಿಸಿದ್ದುಂಟು. ಹಾಕಿದ್ದರೂ ಅವನದೇನೂ ಮುಳುಗುತ್ತಿರಲಿಲ್ಲ. ಅವುಗಳಲ್ಲಿ ಅವನ ಗಿಟಾರೇ ಇರಲಿಲ್ಲ.

ಲಕ್ಷ್ಮೀಕಾಂತ್ ರಾಮಗಿರಿಯವನು. ಬೆಟ್ಟದ ಕೆಳಗಿನ ರೈಲು ನಿಲ್ದಾಣಕ್ಕೆ ಸಿಗ್ನಲ್ ಕೆಲಸದ ಮೇಲೆ ಹುಬ್ಬಳ್ಳಿಯಿಂದ ಬಂದಿದ್ದ ನೌಕರನೊಬ್ಬನ ಕ್ವಾರ್ಟರ್ಸಿನಲ್ಲಿ ಒಂದು ಗಿಟಾರೂ ಹತ್ತಾರು ಪರದೇಶದ ರಾಕ್ ಕ್ಯಾಸೆಟ್ಟುಗಳೂ ಇದ್ದವು. ಎರಡು ಗಾಡಿಗಳ ನಡುವಿನ ಬಿಡುವಿನಲ್ಲಿ ಅವನು ನುಡಿಸುತ್ತಿದ್ದುದನ್ನು ನೋಡಿ ನೋಡಿ ಲಕ್ಷ್ಮೀಕಾಂತ್ ಕಲಿತ. ಅವನಿಗೆ ಹಾಡಿಗಿಂತ ಹೆಚ್ಚಾಗಿ ಹಿಡಿಸಿದ್ದು ಅಂಚು ಹರಿದಂತಿದ್ದ ಆ ನಾದ. ಮುಂದೆ ಹೊಳಲ್ಕೆರೆಯ ಪಶು ಆಸ್ಪತ್ರೆಯಲ್ಲಿ ಕಾಂಪೌಂಡರ್ ಆದಾಗ ಪ್ಲೈವುಡ್ಡಿನ ಪೆಟ್ಟಿಗೆಯಲ್ಲಿ ಎರಡು ದೊಡ್ಡ ಸ್ಪೀಕರ್ ಕೂರಿಸಿ, ಹಳೆಯ ರೇಡಿಯೊಗಳ ಬಿಡಿಭಾಗಗಳಿಂದ ತನ್ನದೇ ಒಂದು ಆಂಪ್ಲಿಫೈಯರ್ ಕಟ್ಟಿಕೊಂಡ. ಹಗಲು ಎಮ್ಮೆಗಳಿಗೆ ಸೂಜಿ ಚುಚ್ಚುತ್ತಿದ್ದ ಕೈ ಸಂಜೆ ತಂತಿಗಳ ಮೇಲೆ ಆಡುತ್ತಿತ್ತು.

ಸಾವಿರದ ಒಂಬೈನೂರ ತೊಂಬತ್ತರ ಆರಂಭದಲ್ಲಿ ಅವನು ಚಿತ್ರದುರ್ಗದ 'ಜೋಗಿಮಟ್ಟಿ ಮೆಲೊಡೀಸ್' ಎಂಬ ಆರ್ಕೆಸ್ಟ್ರಾ ಸೇರಿದ. ಶಾಲೆಯ ಬೆಳ್ಳಿಹಬ್ಬ, ರಾಜ್ಯೋತ್ಸವ, ಕಾಲೇಜು ವಾರ್ಷಿಕೋತ್ಸವ, ಎಲ್ಲಿ ಹೋದರೂ ತಂಡ ಸಿನಿಮಾ ಹಾಡುಗಳನ್ನೇ ಹಾಡಬೇಕಿತ್ತು. ಗಾಯಕರು ಬಟ್ಟೆ ಬದಲಿಸಿ ಚಹಾ ಕುಡಿದು ಬರುವ ನಡುವಿನ ಹತ್ತು ಹನ್ನೆರಡು ನಿಮಿಷ ಮಾತ್ರ ಲಕ್ಷ್ಮೀಕಾಂತನದು. ಆಗ ಅವನು ಯಾವ ಹಾಡಿನದೂ ಅಲ್ಲದ, ಮಾತಿಲ್ಲದ ತನ್ನದೇ ಒಂದು ರಚನೆಯನ್ನು ನುಡಿಸುತ್ತಿದ್ದ. ಕೆಳಗಿನ ತಂತಿಯ ಗುರುಗುರುವಿನಿಂದ ಹೊರಟು, ಸ್ವರ ಸ್ವರಕ್ಕೂ ತಡವರಿಸಿ, ಮತ್ತೆ ಹಿಡಿತ ಸಿಕ್ಕಿ ಮೇಲಕ್ಕೆ ಏರುವ ಅದಕ್ಕೆ ಅವನು ಹೆಸರಿಟ್ಟಿರಲಿಲ್ಲ. ಹೆದ್ದಾರಿಯ ಊರುಗಳ ಜನ ತಾವೇ 'ಲಾರಿ' ಎಂದು ಹೆಸರಿಟ್ಟರು. "ಲಾರಿ ಬಿಡಪ್ಪೋ!" ಎಂದು ಮುಂದಿನ ಸಾಲಿನಿಂದ ಕೂಗು ಬರುತ್ತಿತ್ತು.

ಅದೇ ವರ್ಷದ ನವೆಂಬರಿನಲ್ಲಿ ಹೊಳಲ್ಕೆರೆಯ ರಾಜ್ಯೋತ್ಸವದ ವೇದಿಕೆಯಲ್ಲಿ ಒಂದು ಘಟನೆ ನಡೆಯಿತು. ಲಾರಿ ಅರ್ಧ ಏರಿದೆ. ಲಕ್ಷ್ಮೀಕಾಂತನ ಬೆರಳು ಓಡುತ್ತಿದೆ, ಮೈದಾನದಲ್ಲಿ ಮಾತ್ರ ಶಬ್ದವಿಲ್ಲ. ಎಲ್ಲ ಮೈಕುಗಳ ವೈರೂ ಬಂದು ಸೇರುವ ಮಿಕ್ಸರ್ ಪೆಟ್ಟಿಗೆಯ ಮುಂದೆ ಕುಳಿತಿದ್ದ ಮೂರ್ತಪ್ಪ ಗಿಟಾರಿನ ಗುಂಡಿಯನ್ನು ಕೆಳಕ್ಕೆ ಎಳೆದಿದ್ದ.

ಲಕ್ಷ್ಮೀಕಾಂತ್ ವೇದಿಕೆಯಿಂದ ಇಳಿದು ಬಂದ. "ಯಾವನ್ಲೇ ಇಳ್ಸಿದ್ದು?"

"ಅಧ್ಯಕ್ಷರು ಕೈ ಮಾಡಿದ್ರು ಕಣಲೇ ಕಾಂತ. ಅವರ ಮನೆಯವ್ರಿಗೆ ತಲೆನೋವಂತೆ."

"ಮಾತ್ರೆ ಕೊಡ್ಬೇಕಾಗಿತ್ತು. ಇನ್ಮೇಲೆ ನನ್ ವೈರು ನಿನ್ ಪೆಟ್ಟಿಗೆಗೆ ಬರಲ್ಲ."

ಬರಲೂ ಇಲ್ಲ. ಮರುದಿನದಿಂದ ಅವನ ಗಿಟಾರಿನ ವೈರು ನೇರವಾಗಿ ಅವನ ಪ್ಲೈವುಡ್ ಪೆಟ್ಟಿಗೆಗೆ, ಅಲ್ಲಿಂದ ಜನರ ಕಿವಿಗೆ. ನಡುವೆ ಯಾರ ಕೈಯೂ ಇಲ್ಲ. ಮೂರ್ತಪ್ಪ ಇದನ್ನು ಮನಸ್ಸಿಗೆ ಹಚ್ಚಿಕೊಳ್ಳಲಿಲ್ಲ. ತಂಡದಲ್ಲಿ ಅವರಿಬ್ಬರಷ್ಟು ಅನ್ಯೋನ್ಯವಾಗಿದ್ದವರು ಬೇರೆ ಇರಲಿಲ್ಲ.

ತುರುವನೂರಿನಿಂದ ಬಂದು ಚಿತ್ರದುರ್ಗದಲ್ಲಿ ನೆಲೆಸಿದ್ದ ಮೂರ್ತಪ್ಪ ಅಚ್ಚುಕಟ್ಟಿನ ಮನುಷ್ಯ. ತೊಂಬತ್ತೊಂದರಿಂದ ಪ್ರತಿ ಕಾರ್ಯಕ್ರಮವನ್ನೂ ಅವನು ಕ್ಯಾಸೆಟ್ಟಿಗೆ ತುಂಬಿಕೊಳ್ಳತೊಡಗಿದ್ದ. ಟೇಪ್ ರೆಕಾರ್ಡರಿನ ವೈರನ್ನು ಮಿಕ್ಸರ್ ಪೆಟ್ಟಿಗೆಯ ಬೆನ್ನಿಗೆ ಸಿಕ್ಕಿಸಿ, ಊರು, ತಾರೀಖು, ಸಂಖ್ಯೆಯನ್ನು ಕೆಂಪು ಶಾಯಿಯಲ್ಲಿ ಬರೆದಿಡುತ್ತಿದ್ದ. ಕ್ಯಾಸೆಟ್ಟಿನ ಒಂದು ಮಗ್ಗುಲು ಅರ್ಧ ಗಂಟೆಗೆ ಮುಗಿಯುತ್ತದೆ. ಹಾಡಿನ ನಡುವೆ ಮುಗಿದರೆ ಗಾಯಕರು ಮುನಿಸಿಕೊಳ್ಳುತ್ತಾರೆ. ಗಿಟಾರಿನ ಸರದಿ ಬಂದಾಗ ಅವನು ಗಾಯಕರ, ಡ್ರಮ್ಮಿನ ಮೈಕುಗಳು ಕುಯ್ಯೆನ್ನದಿರಲೆಂದು ಅವುಗಳ ಗುಂಡಿಗಳನ್ನು ಇಳಿಸುತ್ತಿದ್ದ. ಆಗ ಶಬ್ದದ ಮಟ್ಟ ತೋರುವ ರೆಕಾರ್ಡರಿನ ಮುಳ್ಳು ನೆಲಕ್ಕೆ ಮಲಗುತ್ತಿತ್ತು. ಮುಳ್ಳು ಮಲಗಿದ ಹೊತ್ತೇ ಕ್ಯಾಸೆಟ್ ತಿರುಗಿಸಲು ಪ್ರಶಸ್ತವಾದ ಹೊತ್ತು. ತಿರುಗಿಸಿ, ಗಾಯಕರು ಮರಳುವವರೆಗೆ ತಡೆದು, ಮತ್ತೆ ಗುಂಡಿ ಒತ್ತುತ್ತಿದ್ದ. ವರ್ಷಗಟ್ಟಲೆ ಹಾಗೆಯೇ ಮಾಡಿದ. ಅದರಲ್ಲಿ ಏನಾದರೂ ತಪ್ಪಿರಬಹುದೆಂದು ಅವನಿಗೆ ಹೊಳೆಯಲೇ ಇಲ್ಲ.

ವೇದಿಕೆಯ ಮೇಲಿನ ಲಕ್ಷ್ಮೀಕಾಂತನಿಗೆ ಕಾಣುತ್ತಿದ್ದುದು ಬೇರೆ. ತಾನು ಮೊದಲ ತಂತಿ ಮೀಟಿದೊಡನೆ ಗೆಳೆಯ ರೆಕಾರ್ಡರಿನ ಮೇಲೆ ಬಾಗುತ್ತಾನೆ, ಕ್ಯಾಸೆಟ್ ತೆಗೆದು ಹಾಕುತ್ತಾನೆ, ಏನನ್ನೋ ಜೋಪಾನವಾಗಿ ಒತ್ತುತ್ತಾನೆ. ತನ್ನ ಲಾರಿಗಾಗಿಯೇ ಮಗ್ಗುಲೊಂದನ್ನು ತೆಗೆದಿಡುತ್ತಿದ್ದಾನೆಂದು ಅವನು ಭಾವಿಸಿದ್ದ. ಆ ನಂಬಿಕೆಯಲ್ಲೇ ನುಡಿಸುತ್ತಿದ್ದ. ಕೇಳಿ ನೋಡಬೇಕೆಂದು ಒಮ್ಮೆಯೂ ಅನ್ನಿಸಲಿಲ್ಲ. ಇರುವುದು ಎಲ್ಲಿಗೆ ಹೋಗುತ್ತದೆ?

ಎರಡು ಸಾವಿರದ ಎರಡರ ಮಳೆಗಾಲದಲ್ಲಿ ಅವನ ಎಡಗೈಯ ಕಿರುಬೆರಳು ಮತ್ತು ಉಂಗುರದ ಬೆರಳು ಮರಗಟ್ಟತೊಡಗಿದವು. ಆಸ್ಪತ್ರೆಯಲ್ಲಿ ಔಷಧಿಯ ಸೀಸೆ ಎರಡು ಸಲ ಜಾರಿ ಒಡೆಯಿತು. ಮೊಣಕೈಯ ಬಳಿ ನರ ಒತ್ತಿಕೊಂಡಿದೆ, ಶಸ್ತ್ರಚಿಕಿತ್ಸೆ ಆಗಬೇಕೆಂದರು ದಾವಣಗೆರೆಯ ವೈದ್ಯರು. ನೋವು ನಿಲ್ಲುತ್ತದೆ, ಆದರೆ ಬೆರಳುಗಳ ಬಗ್ಗೆ ಭರವಸೆ ಕೊಡಲಾರೆ ಎಂದೂ ಹೇಳಿದರು. ಅವನು ತಿಂಗಳು ತಿಂಗಳು ಮುಂದೂಡಿದ.

ಆ ಡಿಸೆಂಬರಿನಲ್ಲಿ ಹೊಸದುರ್ಗದ ಕಾಲೇಜೊಂದರ ಸಮಾರಂಭದಲ್ಲಿ ಲಾರಿ ನಿಂತುಹೋಯಿತು. ಏರುವ ಜಾಗದಲ್ಲಿ ಕಿರುಬೆರಳು ತಂತಿಯನ್ನು ಮುಟ್ಟಿತು, ಒತ್ತಲಿಲ್ಲ. ಮತ್ತೆ ಯತ್ನಿಸಿದ. ಮೂರನೆಯ ಸಲ ಕೈಯನ್ನೇ ತೆಗೆದುಬಿಟ್ಟ. ಹುಡುಗರು ಸಿಳ್ಳೆ ಹಾಕಿದರು. ಅದು ಅವನಿಗೆ ಅಷ್ಟಾಗಿ ತಾಗಲಿಲ್ಲ. ವೈರು ಸುತ್ತುತ್ತಾ ವೇದಿಕೆಯ ಹಿಂದೆ ಕುಳಿತಿದ್ದಾಗ ಪರದೆಯ ಆಚೆಯಿಂದ ಕೇಳಿಬಂದ ಮಾತು ತಾಗಿತು.

"ಪಾಪ, ಕೈ ಹೋಗೈತಂತೆ" ಎಂದರು ಯಾರೋ.

"ಕೈ ನೆಟ್ಟಗಿದ್ದಾಗ ಏನ್ ಕಡಿದು ಗುಡ್ಡೆ ಹಾಕಿದ್ದ ಹೇಳ್ರಿ? ಮೊದ್ಲಿಂದ್ಲೂ ಬರೇ ಗದ್ಲ" ಎಂದರು ಸಂಘಟಕರಲ್ಲೊಬ್ಬರು.

ಅಲ್ಲಿ ತಂಡದ ಮೂವರು ಇದ್ದರು. ಒಬ್ಬರೂ ಅಲ್ಲವೆನ್ನಲಿಲ್ಲ.

ಆ ವಾರವಿಡೀ ಅವನು ಸರಿಯಾಗಿ ಉಣ್ಣಲಿಲ್ಲ. ಒಂದು ಬೆಳಿಗ್ಗೆ ಹೆಂಡತಿ ಅನುಸೂಯಳನ್ನು ಕೇಳಿದ. "ನೀನು ಕೇಳಿದೀಯಲ್ಲ. ಹೆಂಗಿತ್ತು?"

"ಎರಡೇ ಸಲ ಕೇಳಿರದು. ಎರಡು ಸಲಾನೂ ಮಗಳನ್ನ ಎತ್ಕಂಡು ಹಿಂದೆ ನಿಂತಿದ್ದೆ. ಸುಳ್ಳು ಹೇಳ್ಲೋ, ನಿಜ ಹೇಳ್ಲೋ?"

"ನಿಜ."

"ನಂಗೆ ಗೊತ್ತಾಗ್ಲಿಲ್ರಿ. ಜೋರಾಗಿತ್ತು, ಅಷ್ಟೇ."

ಅವಳು ಸುಳ್ಳು ಹೇಳಲಿಲ್ಲವೆಂಬ ಕಾರಣಕ್ಕೇ ಆ ಪ್ರಶ್ನೆ ಇನ್ನಷ್ಟು ಆಳಕ್ಕಿಳಿಯಿತು. ಇಷ್ಟು ವರ್ಷ ತಾನು ನುಡಿಸಿದ್ದೋ, ಗದ್ದಲ ಮಾಡಿದ್ದೋ? ನುಡಿಸುವಾಗ ಅವನು ತನ್ನ ಪೆಟ್ಟಿಗೆಗೆ ಬೆನ್ನು ಮಾಡಿ ನಿಂತಿರುತ್ತಿದ್ದ. ಮೈದಾನದಲ್ಲಿ ಕುಳಿತವರಿಗೆ ಅದು ಹೇಗೆ ಕೇಳುತ್ತಿತ್ತೆಂದು ಅವನಿಗೆ ತಿಳಿಯದು. ಇನ್ನು ನುಡಿಸಿ ನೋಡಲು ಕೈಯೂ ಇಲ್ಲ. ಉಳಿದಿದ್ದ ಸಾಕ್ಷಿ ಮೂರ್ತಪ್ಪನ ಕ್ಯಾಸೆಟ್ಟುಗಳು ಮಾತ್ರ. ಶಸ್ತ್ರಚಿಕಿತ್ಸೆಗೆ ಫೆಬ್ರುವರಿ ಹದಿನೇಳರ ಸೋಮವಾರ ಗೊತ್ತಾಯಿತು. ಅದಕ್ಕೆ ಮೊದಲು ಒಮ್ಮೆ ಕೇಳಿಬಿಡಬೇಕೆಂದುಕೊಂಡು ಒಂಬತ್ತನೆಯ ತಾರೀಖಿನ ಭಾನುವಾರ ಬೆಳಿಗ್ಗೆಯೇ ಚಿತ್ರದುರ್ಗಕ್ಕೆ ಹೋದ.

ಮೂರ್ತಪ್ಪ ಸಂಭ್ರಮದಿಂದ ಅಟ್ಟ ಹತ್ತಿ ಪೆಟ್ಟಿಗೆಗಳನ್ನಿಳಿಸಿದ. "ಯಾವ ಊರಿಂದು ಹಾಕ್ಲಿ ಹೇಳು. ರಾಜನಂಗೆ ಕುಂತ್ಕಂಡು ಕೇಳು."

ಮೊದಲು ತುರುವನೂರಿನದು, ತೊಂಬತ್ತೆರಡರದು. ಹಾಡು ಮುಗಿಯಿತು. ನಿರೂಪಕನ ದನಿ ಬಂತು: "ಈಗ ನಿಮ್ಮೆಲ್ಲರ ಮೆಚ್ಚಿನ ಲಕ್ಷ್ಮೀಕಾಂತ್ ಅವರ ಕೈಚಳಕ!" ಚಪ್ಪಾಳೆ. ಟಕ್ ಎಂದಿತು. ಮೂರ್ತಪ್ಪ ಕ್ಯಾಸೆಟ್ ತಿರುಗಿಸಿ ಹಾಕಿದ. ಯುಗಳಗೀತೆಯೊಂದು ಶುರುವಾಯಿತು.

"ಇದ್ರಾಗೆ ಹೆಂಗೋ ತಪ್ಪೈತೆ, ತಡಿ."

ಹೊಸದುರ್ಗ, ತೊಂಬತ್ತೇಳು. ಚಪ್ಪಾಳೆ, ನಂತರ ಡ್ರಮ್ಮಿನ ಮೈಕ್ ಇಳಿಸುವವರೆಗೆ ಇಪ್ಪತ್ತು ಸೆಕೆಂಡು ಅದರ ಬಡಿತ. ಬರಿಯ ಬಡಿತ. ಯಾರೂ ಇಲ್ಲದ ಬೀದಿಯಲ್ಲಿ ಮೆರವಣಿಗೆಯ ವಾದ್ಯವೊಂದೇ ನಡೆದು ಹೋದಂತೆ. ಟಕ್. ಹಿರಿಯೂರು, ತೊಂಬತ್ತಮೂರು. ಟಕ್. ಹೊಳಲ್ಕೆರೆ, ತೊಂಬತ್ತೆಂಟು. ಟಕ್. ಹನ್ನೊಂದನೆಯ ಕ್ಯಾಸೆಟ್ಟಿನ ಹೊತ್ತಿಗೆ ಮೂರ್ತಪ್ಪ ಊರಿನ ಹೆಸರು ಓದುವುದನ್ನು ಬಿಟ್ಟಿದ್ದ. ಅವನಿಗೆ ಅರ್ಥವಾಗಿತ್ತು. ಲಕ್ಷ್ಮೀಕಾಂತನಿಗೂ ಅರ್ಥವಾಗಿತ್ತು, ಆದರೂ "ಇನ್ನೊಂದು" ಎನ್ನುತ್ತಲೇ ಇದ್ದ.

"ಸಾಕು ಬಿಡ್ಲೇ ಕಾಂತ."

"ಹಾಕು."

"ಎಲ್ಲಾದ್ರಾಗೂ ಇಂಗೇ ಇರ್ತೈತೆ. ನಿನ್ ವೈರು ನನ್ ಪೆಟ್ಟಿಗೆಗೆ ಬರ್ತಿರ್ಲಿಲ್ಲ. ಪೆಟ್ಟಿಗೆಗೆ ಬರದಿದ್ದು ಕ್ಯಾಸೆಟ್ಟಿಗೆ ಎಲ್ಲಿಂದ ಬರ್ಬೇಕು? ಮುಳ್ಳು ಮಲಗ್ತಿತ್ತು. ನಾನು ತಿರುಗಿಸ್ತಿದ್ದೆ."

"ಹನ್ನೆರಡು ವರ್ಷ ತಿರುಗ್ಸಿದ್ಯಾ?"

"ಎಂಟ್ನೂರು ಜನಕ್ಕೆ ಕಿವಿ ಹರಿಯಂಗೆ ಕೇಳ್ತಿತ್ತಲ್ಲಪ್ಪ! ಕ್ಯಾಸೆಟ್ಟಿಗೆ ಕೇಳಲ್ಲ ಅಂತ ನಂಗೆ ಕನಸು ಬೀಳ್ತದಾ?"

"ನಿನ್ ಕೆಲ್ಸಾನೇ ಅದಲ್ವೇನಲೇ!"

"ವೈರು ಕಿತ್ಕಂಡು ಹೋಗಿದ್ದು ಯಾರು?"

"ಗುಂಡಿ ಇಳ್ಸಿದ್ದು ಯಾರು?"

ಲಕ್ಷ್ಮೀಕಾಂತ್ ಮೇಜಿನ ಮೇಲಿದ್ದ ಕ್ಯಾಸೆಟ್ಟುಗಳನ್ನು ಎರಡು ಕೈಯಿಂದಲೂ ಬಾಚಿದ. ಎಡಗೈ ಹಿಡಿಯಲಿಲ್ಲ, ಅರ್ಧದಷ್ಟು ನೆಲಕ್ಕೆ ಚೆಲ್ಲಿದವು. "ಇವೆಲ್ಲ ಕೆರೆಗೆ ಹಾಕ್ತೀನಿ, ಬಿಡು" ಎಂದು ಪಕ್ಕದ ಅಂಗಡಿಗಳಿಗೂ ಕೇಳುವಂತೆ ಕೂಗಿದ. ಮೂರ್ತಪ್ಪ ಅವನ ಮಣಿಕಟ್ಟನ್ನು ಹಿಡಿದುಕೊಂಡ. ಇಬ್ಬರೂ ಐವತ್ತರ ಅಂಚಿನಲ್ಲಿದ್ದ ಗಂಡಸರು; ಅಂಗಡಿಯ ನಡುವೆ ಒಬ್ಬರ ಕೈಯನ್ನೊಬ್ಬರು ಹಿಡಿದು ಸ್ವಲ್ಪ ಹೊತ್ತು ಹಾಗೆಯೇ ನಿಂತಿದ್ದರು. ಲಕ್ಷ್ಮೀಕಾಂತ್ ಕೈ ಬಿಡಿಸಿಕೊಂಡು ಬಸ್ ನಿಲ್ದಾಣದತ್ತ ನಡೆದ.

ಗುರುವಾರ ಸಂಜೆ ಮೂರ್ತಪ್ಪ ಹೊಳಲ್ಕೆರೆಯ ಮನೆ ಬಾಗಿಲಿಗೆ ಬಂದ. ಅನುಸೂಯ ತಟ್ಟೆ ಇಟ್ಟರೂ ಕೂರಲಿಲ್ಲ.

"ಕಾಂತ, ಐಮಂಗಲ ಜ್ಞಾಪಕ ಐತಾ? ತೊಂಬತ್ತೈದು, ಶಾಲೆಯ ಬೆಳ್ಳಿಹಬ್ಬ. ಒಂದು ಸಣ್ಣ ಹುಡ್ಗಿ ಹಾಡ್ತು, ಸುಪ್ರಿಯಾ ಅಂತ. ಅದರ ತಾಯಿ ಅಂಗನವಾಡಿ ಟೀಚರು, ಹುಲಿಗೆಮ್ಮ. ಮಡಿಲಾಗೆ ಟು-ಇನ್-ವನ್ ಟೇಪು ಇಟ್ಕಂಡು ಮುಂದೆ ಕುಂತಿದ್ಲು. ಸೆಲ್ ವೀಕಾಗೈತಣ್ಣ, ಒಂದು ಪ್ಲಗ್ ಕೊಡು ಅಂದ್ಲು. ಕೊಟ್ಟೆ. ಗುಂಯ್ ಅಂತು ನಮ್ ಲೈನು, ಬೈದೆ ಕೂಡ. ಅವಳು ತುಂಬಿದ್ದು ಪೆಟ್ಟಿಗೆಯಿಂದಲ್ಲ ಕಣಲೇ. ಗಾಳಿಯಿಂದ!"

ಲಕ್ಷ್ಮೀಕಾಂತ್ ಎದ್ದು ನಿಂತ. "ಆ ಹುಡ್ಗಿ ಹಾಡಿದ್ಮೇಲೆ ಯಾರದು ಸರದಿ?"

"ನಿಂದೇ."

ಮರುದಿನ ಶುಕ್ರವಾರ ಇಬ್ಬರೂ ಮೊದಲ ಬಸ್ ಹಿಡಿದರು. ಮೂರ್ತಪ್ಪನ ಲಗೇಜ್ ಟೆಂಪೊ ಮದುವೆಯೊಂದಕ್ಕೆ ಹೋಗಿತ್ತು. ಆದ್ದರಿಂದ ದಾರಿಯಲ್ಲಿ ಚಿತ್ರದುರ್ಗದ ಅಂಗಡಿಯಿಂದ ಎರಡು ಕ್ಯಾಸೆಟ್ ಹಿಡಿಸುವ ದೊಡ್ಡ ಟೇಪ್ ರೆಕಾರ್ಡರನ್ನು ಗೋಣಿಚೀಲದಲ್ಲಿ ಸುತ್ತಿ ಹೆಗಲಿಗೇರಿಸಿದ. ಜೇಬಿನಲ್ಲಿ ಖಾಲಿ ಕ್ಯಾಸೆಟ್ ಎರಡು, ಸಣ್ಣ ಸ್ಕ್ರೂಡ್ರೈವರ್, ಸೆಲ್ಲೊಟೇಪ್. ಐಮಂಗಲದಲ್ಲಿ ಇಳಿದು ವಿಚಾರಿಸಿದಾಗ, ಹುಲಿಗೆಮ್ಮನಿಗೆ ಮಾರಿಕಣಿವೆಯ ಕಡೆಗೆ ವರ್ಗವಾಗಿ ಐದು ವರ್ಷವಾಯಿತೆಂದು ತಿಳಿಯಿತು. ಹಿರಿಯೂರಿಗೆ ಹೋಗಿ ಬಸ್ ಬದಲಿಸಿದರು. ಅಣೆಕಟ್ಟಿನ ಬಳಿ ಇಳಿದು ಬೋರಯ್ಯನ ಅಂಗಡಿಯಲ್ಲಿ ದಾರಿ ಕೇಳಿ, ಚಹಾ ಕುಡಿಯದೆ ಹೊರಟರು. ಬೋರಯ್ಯನಿಗೆ ಮೊದಲ ಅನುಮಾನ ಬಂದದ್ದು ಅಲ್ಲೇ ಇರಬೇಕು.

ಹುಲಿಗೆಮ್ಮ ಅಂಗನವಾಡಿಯ ಮಕ್ಕಳಿಗೆ ಊಟ ಬಡಿಸಿ ಆಗತಾನೆ ಮನೆಗೆ ಬಂದಿದ್ದಳು. ಗುರುತು ಹಿಡಿಯಲು ತಡವಾಗಲಿಲ್ಲ.

"ಪ್ಲಗ್ ಕೊಟ್ಟು ಬೈದ ಅಣ್ಣ ಅಲ್ವಾ ನೀನು? ಬರ್ರಿ, ಕುಂತ್ಕಳ್ರಿ. ಈಗ ಬೈಯಾಕೆ ಬಂದೀರಾ, ಪ್ಲಗ್ ಕೇಳಾಕೆ ಬಂದೀರಾ?"

ವಿಷಯ ಕೇಳಿ ಅವಳು ಟ್ರಂಕ್ ತೆರೆದಳು. ಸೀರೆಗಳ ತಳದಲ್ಲಿ, ಪ್ಲಾಸ್ಟಿಕ್ ಕವರಿನೊಳಗೆ ಕ್ಯಾಸೆಟ್ ಇತ್ತು. ಮೇಲೆ 'ಸುಪ್ರಿಯಾಳ ಹಾಡು' ಎಂದು ಬರೆದಿತ್ತು. ಕೊಡುವ ಮುನ್ನ ಅವಳು ಅದನ್ನು ಸೆರಗಿನಿಂದ ಒರೆಸಿದಳು.

"ನಾಕು ವರ್ಷ ಆತು, ತಿರುಗದೇ ಇಲ್ಲ. ನಮ್ಮ ಟೇಪೂ ಕೆಟ್ಟೈತೆ. ಸುಪ್ರಿಯಾ ದಾವಣಗೆರೆಯಾಗೆ ನರ್ಸಿಂಗ್ ಓದ್ತಾಳೆ, ಈಗ ಹಾಡು ಅಂದ್ರೆ ಹಾಡಲ್ಲ. ಇರದು ಇದೊಂದೇ."

ಮೂರ್ತಪ್ಪ ಕ್ಯಾಸೆಟ್ಟನ್ನು ಬೆಳಕಿಗೆ ಹಿಡಿದು ನೋಡಿದ. ಸುರುಳಿ ಅಂಟಿಕೊಂಡಿತ್ತು, ಒಂದು ಅಂಚು ಮಡಿಚಿಕೊಂಡಿತ್ತು. "ಬಿಚ್ಬೇಕಕ್ಕ. ಸುರುಳಿ ತೆಗೆದು ಬ್ಯಾರೆ ಡಬ್ಬಿಗೆ ಹಾಕ್ಬೇಕು."

"ಹರಿದ್ರೆ?"

ಮೂರ್ತಪ್ಪ ಕ್ಯಾಸೆಟ್ಟನ್ನು ಮಗ್ಗುಲು ಬದಲಿಸಿ ಮತ್ತೆ ಬೆಳಕಿಗೆ ಹಿಡಿದ.

"ಇನ್ನೊಂದು ಮಾತು ಹೇಳ್ತೀನಣ್ಣ. ಹಾಡು ಮುಗಿದ ತಕ್ಷಣ ನಾನು ಬಂದ್ ಮಾಡಿರ್ಬೇಕು. ಮನ್ಯಾಗೂ ಹಾಡು ಮುಗಿದ್ರೆ ಆರಿಸ್ತಿದ್ದೆ. ಆಮೇಲಿಂದು ಯಾಕೆ ಬೇಕಿತ್ತು ನಂಗೆ?"

ಲಕ್ಷ್ಮೀಕಾಂತ್ ಕ್ಯಾಸೆಟ್ಟನ್ನು ನೋಡಿದ, ಅವಳನ್ನು ನೋಡಿದ. ತನ್ನದು ಅದರೊಳಗಿದೆಯೋ ಇಲ್ಲವೋ ತಿಳಿಯದು. ಅವಳದು ಖಂಡಿತ ಇದೆ. "ಬ್ಯಾಡ ಮೂರ್ತಿ. ಹೋಗಾಣ. ಇರೋ ಹಾಡನ್ನ ಕಳೆದು, ಇಲ್ಲದ್ದನ್ನ ಹುಡುಕದು ಬ್ಯಾಡ" ಎಂದು ಬಾಗಿಲತ್ತ ತಿರುಗಿದ.

ಹುಲಿಗೆಮ್ಮ ಟ್ರಂಕಿನ ಮುಚ್ಚಳ ಮುಚ್ಚಿದಳು. "ಟ್ರಂಕಿನಾಗೆ ಇದ್ರೆ ಹಾಡ್ತದೇನಣ್ಣ?" ಎಂದಳು. "ಬಿಚ್ರಿ. ಆದ್ರೆ ನನ್ ಕಣ್ಮುಂದೆ ಬಿಚ್ರಿ. ಬ್ಯಾಗ ಬಿಚ್ರಿ, ಒಂದು ಗಂಟೆಗೆ ಕರೆಂಟ್ ತೆಗಿತಾರೆ."

ಆಗ ಹನ್ನೆರಡು ಗಂಟೆ. ಮೂರ್ತಪ್ಪ ನೆಲದ ಮೇಲೆ ಬಿಳಿ ಟವೆಲ್ ಹಾಸಿ ಕುಳಿತ. ಐದು ಸ್ಕ್ರೂಗಳಲ್ಲಿ ಮೂರು ಸುಲಭವಾಗಿ ಬಂದವು. ನಾಲ್ಕನೆಯದು ತುಕ್ಕು ಹಿಡಿದಿತ್ತು. ಅವನ ಹಣೆಯ ಬೆವರು ಕ್ಯಾಸೆಟ್ಟಿನ ಮೇಲೆ ಬೀಳದಂತೆ ಲಕ್ಷ್ಮೀಕಾಂತ್ ಬಲಗೈಯಿಂದ ಒರೆಸುತ್ತಿದ್ದ. ಮುಚ್ಚಳ ತೆಗೆದಾಗ ಸುರುಳಿಯ ತುದಿ ಕಿತ್ತು ಬಂತು. ಹುಲಿಗೆಮ್ಮ ಬಾಯಿಗೆ ಸೆರಗು ಒತ್ತಿಕೊಂಡಳು. "ತುದಿ ಅಕ್ಕ, ಬರೀ ತುದಿ. ಇದ್ರಾಗೆ ಶಬ್ದ ಇರಲ್ಲ" ಎಂದ ಮೂರ್ತಪ್ಪ, ಅದನ್ನು ಸೆಲ್ಲೊಟೇಪಿನಿಂದ ಅಂಟಿಸಿದ. ಮಡಿಚಿದ ಅಂಚನ್ನು ಉಗುರಿನಿಂದ ಬಿಡಿಸಿದ. ಖಾಲಿ ಕ್ಯಾಸೆಟ್ ಒಂದರ ಡಬ್ಬಿಗೆ ಸುರುಳಿಯನ್ನು ಸೇರಿಸಿ ಸ್ಕ್ರೂ ಬಿಗಿದು, ಎಡಗಡೆಯ ಗೂಡಿನಲ್ಲಿ ಅದನ್ನಿಟ್ಟು, ಬಲಗಡೆ ಪ್ರತಿ ಮಾಡಿಕೊಳ್ಳಲು ಖಾಲಿ ಕ್ಯಾಸೆಟ್ ಇಟ್ಟಾಗ ಹನ್ನೆರಡೂ ಇಪ್ಪತ್ತೇಳು.

ಗುಂಡಿ ಒತ್ತಿದ. ಯಾರದೋ ಭಾಷಣ ಬಂತು. ಶಾಲೆಗೆ ಕಾಂಪೌಂಡ್ ಕಟ್ಟಿಸುವ ಭರವಸೆ.

"ಮುಂದಕ್ಕೆ ಓಡ್ಸಲೇ" ಎಂದ ಲಕ್ಷ್ಮೀಕಾಂತ್.

"ಓಡ್ಸಿದ್ರೆ ಹರಿತೈತೆ. ಕೇಳ್ಬೇಕು."

ಮೂವರೂ ಹದಿನಾಲ್ಕು ನಿಮಿಷ ಆ ಭಾಷಣ ಕೇಳಿದರು. ಅದರಲ್ಲಿ ಕಾಂಪೌಂಡ್ ನಾಲ್ಕು ಸಲ ಬಂತು. "ಇನ್ನೂ ಕಟ್ಟಿಲ್ಲ" ಎಂದಳು ಹುಲಿಗೆಮ್ಮ. ಹನ್ನೆರಡೂ ನಲವತ್ತೊಂದಕ್ಕೆ ಹತ್ತು ವರ್ಷದ ಹುಡುಗಿಯ ದನಿ ಹೊರಟಿತು. ಅಂಚು ಮಡಿಚಿದ್ದ ಕಡೆ, ಪಲ್ಲವಿಯ ಒಂದು ಸಾಲು ನೀರಿನೊಳಗಿಂದ ಬಂದಂತೆ ಅಲುಗಿತು, ಮತ್ತೆ ನೆಟ್ಟಗಾಯಿತು. ಹುಲಿಗೆಮ್ಮ ಕಣ್ಣು ಒರೆಸಿಕೊಳ್ಳಲಿಲ್ಲ, ಒರೆಸಿಕೊಳ್ಳಲು ಕೈ ಎತ್ತಲೂ ಅಂಜಿದವಳಂತೆ ಕುಳಿತಿದ್ದಳು. ಹಾಡು ಮುಗಿಯಿತು. ಚಪ್ಪಾಳೆ. ಲಕ್ಷ್ಮೀಕಾಂತನ ದೃಷ್ಟಿ ತಿರುಗುವ ಸುರುಳಿಯ ಮೇಲೆ ನೆಟ್ಟಿತ್ತು. ಈಗ ಟಕ್ ಎನ್ನಬೇಕು.

ಎನ್ನಲಿಲ್ಲ. ಕ್ಯಾಸೆಟ್ಟಿನಿಂದ ಎಂಟು ವರ್ಷದ ಹಿಂದಿನ ಹುಲಿಗೆಮ್ಮ ಮಾತಾಡಿದಳು: "ಬಾರವ್ವ, ಬಾ, ಎಷ್ಟು ಚೆನ್ನಾಗಿ ಹಾಡಿದೆ! ನೀರು ಕುಡಿ." ಮಗಳನ್ನು ಅಪ್ಪಿಕೊಳ್ಳುವ ಸಡಗರದಲ್ಲಿ ಅವಳು ಟೇಪ್ ನಿಲ್ಲಿಸುವುದನ್ನೇ ಮರೆತಿದ್ದಳು.

ಅದರ ಹಿಂದಿನಿಂದ, ದೂರದಲ್ಲಿ, ಕೆಳಗಿನ ತಂತಿ ಗುರುಗುಟ್ಟಿತು.

ಲಕ್ಷ್ಮೀಕಾಂತ್ ಮೊಣಕಾಲೂರ್ಪಿ ಪೆಟ್ಟಿಗೆಯ ಸಮೀಪ ಸರಿದ. ಗಿಟಾರು ಹೆಜ್ಜೆ ಹೆಜ್ಜೆಗೆ ಏರುತ್ತಿತ್ತು. ಕಡಲೆಕಾಯಿ ಸಿಪ್ಪೆಯ ಸದ್ದು, ಮಗುವಿನ ಅಳು, "ಮುಂದೆ ಸರಿಯೇ ಮಾರಾಯ್ತಿ" ಎಂಬ ಜಗಳ, ಎಲ್ಲವೂ ಅದರ ಮೇಲೆ ಹಾದುಹೋದವು. ಅವನ ಎಡಗೈ ತಾನಾಗಿ ಎದ್ದು ಗಾಳಿಯಲ್ಲಿ ಗಿಟಾರಿನ ಮೆಟ್ಟಿಲುಗಳನ್ನು ಹಿಡಿಯತೊಡಗಿತು. ಎರಡು ಬೆರಳು ಆಡಿದವು, ಎರಡು ಆಡಲಿಲ್ಲ.

"ಇಲ್ಲಿ ತಪ್ಪೀನಿ" ಎಂದ ನಾಲ್ಕನೆಯ ನಿಮಿಷದಲ್ಲಿ. "ಕೇಳು. ಬೇಕಂತ ಮಾಡಿದಂಗೆ ಅದನ್ನೇ ಮತ್ತೆ ಹಿಡಿದೀನಿ. ಕಳ್ಳ." ಸ್ವಲ್ಪ ತಡೆದು, "ಅವಸರ ಮಾಡೀನಿ" ಎಂದ.

ಏಳನೆಯ ನಿಮಿಷದಲ್ಲಿ ಕ್ಯಾಸೆಟ್ಟಿನ ಹುಲಿಗೆಮ್ಮ ಪಕ್ಕದವಳಿಗೆ ಹೇಳಿದಳು: "ಏನೇ ಇದು, ಲಾರಿ ದಿಬ್ಬ ಹತ್ತಂಗೈತೆ! ಕಿವಿ ತೂತು ಬೀಳ್ತದೆ. ಹೋಗಾಣ ನಡಿ ಸುಪ್ರಿಯಾ."

"ಅವ್ವಾ, ಸುಮ್ಕಿರವ್ವ" ಎಂದಿತು ಹುಡುಗಿಯ ದನಿ. "ಕೇಳಾಣ."

ಗಿಟಾರು ಕೊನೆಯ ಏರಿಗೆ ಬಂತು. ಹೊಸದುರ್ಗದಲ್ಲಿ ಕೈಕೊಟ್ಟ ಜಾಗ. ಅಲ್ಲಿ ಕಿರುಬೆರಳು ತಂತಿಯನ್ನೊತ್ತಿ ಸ್ವರವನ್ನು ಮೇಲಕ್ಕೆ ಬಾಗಿಸಿ ಹಿಡಿದಿತ್ತು. ಸುತ್ತಲಿನ ಸಿಪ್ಪೆಯ ಸದ್ದು, ಜಗಳ, ಅಳು ಒಂದೊಂದಾಗಿ ನಿಂತುಹೋದದ್ದು ಸ್ಪಷ್ಟವಾಗಿ ಕೇಳುತ್ತಿತ್ತು. ಟಕ್ ಎಂದಿತು. ಮಗ್ಗುಲು ಮುಗಿದಿತ್ತು. ತಿರುಗಿಸಿ ಹಾಕಿದರೆ ಆ ಕಡೆ ಖಾಲಿ.

ಗಡಿಯಾರದಲ್ಲಿ ಒಂದಕ್ಕೆ ನಾಲ್ಕು ನಿಮಿಷವಿತ್ತು. ಮೂರ್ತಪ್ಪ ಪ್ರತಿಯನ್ನು ಹೊರತೆಗೆದು ಅದರ ಮೇಲೆ ಊರು, ತಾರೀಖು ಬರೆದ.

"ಸಾರಿ ಅಣ್ಣ" ಎಂದಳು ಹುಲಿಗೆಮ್ಮ, "ನಿನ್ ಮೇಲೆ ಬಾಯಿ ಹಾಕ್ಬಿಟ್ಟೀನಿ."

"ನೀನು ಹೇಳಿದ್ದು ಸರಿಯಾಗೈತಕ್ಕ. ಜೋರಾತು." ಅವನು ಮೂರ್ತಪ್ಪನ ಕಡೆ ತಿರುಗಿದ. "ಇನ್ನೊಂದ್ ಸಲ ಹಾಕು."

ಮೂರ್ತಪ್ಪ ಪ್ರತಿಯನ್ನು ಹಿಂದಕ್ಕೆ ಓಡಿಸಲು ಕೈ ಹಾಕುವಷ್ಟರಲ್ಲಿ ಕರೆಂಟ್ ಹೋಯಿತು.

ಹೊರಡುವಾಗ ಮೂರ್ತಪ್ಪ ಚೀಲವನ್ನಷ್ಟೇ ಮಡಚಿ ತೆಗೆದುಕೊಂಡ. ಟೇಪ್ ರೆಕಾರ್ಡರ್ ಗೋಡೆಯ ಪಕ್ಕದಲ್ಲೇ ಉಳಿಯಿತು. "ನಿಮ್ದು ಕೆಟ್ಟೈತಲ್ಲಕ್ಕ. ಕರೆಂಟ್ ಬಂದ್ಮೇಲೆ ಕೇಳು" ಎಂದ. ಪ್ರತಿ ಮಾಡಿಕೊಂಡ ಕ್ಯಾಸೆಟ್ ಅವನ ಅಂಗಿಯ ಜೇಬಿನಲ್ಲಿತ್ತು. ಅಣೆಕಟ್ಟಿನವರೆಗೆ ಇಬ್ಬರೂ ಮಾತಿಲ್ಲದೆ ನಡೆದರು. ಬೋರಯ್ಯ ನೋಡಿದ್ದು ಅದನ್ನೇ.

ಸೋಮವಾರ ದಾವಣಗೆರೆಯಲ್ಲಿ ಶಸ್ತ್ರಚಿಕಿತ್ಸೆ ಆಯಿತು. ನೋವು ಹೋಯಿತು, ಎರಡು ಬೆರಳುಗಳ ಬಲ ಮರಳಲಿಲ್ಲ. ಹೊಸದುರ್ಗದ ಆ ಸಂಘಟಕರಿಗೆ ಕ್ಯಾಸೆಟ್ ಕೇಳಿಸಿ ಬರೋಣವೆಂದು ಮೂರ್ತಪ್ಪ ಎರಡು ಮೂರು ಸಲ ಹೊರಡಿಸಲು ನೋಡಿದ. ಲಕ್ಷ್ಮೀಕಾಂತ್ ಒಪ್ಪಲಿಲ್ಲ. "ನಂಗೆ ಗೊತ್ತಾಗ್ಬೇಕಿತ್ತು, ಆತು" ಎಂದ. ಗೊತ್ತಾದದ್ದು ಏನೆಂದು ಅನುಸೂಯ ಕೇಳಿದಾಗಲೂ ಅವನು ಬಿಡಿಸಿ ಹೇಳಲಿಲ್ಲ; ಅವಳೆದುರು ಕ್ಯಾಸೆಟ್ ಹಾಕಿದ. ಅವಳು ಪೂರ್ತಿ ಕೇಳಿ, "ಕೇಳಾಣ ಅಂದ್ಲಲ್ಲ, ಆ ಹುಡ್ಗಿ ಯಾರು?" ಎಂದಳು.

ಈಗ, ಎರಡು ಸಾವಿರದ ಒಂಬತ್ತರಲ್ಲಿ, ಜೋಗಿಮಟ್ಟಿ ಮೆಲೊಡೀಸ್ ಇಲ್ಲ; ಮೂರು ವರ್ಷದ ಹಿಂದೆ ಅದು ನಿಂತಿತು. ಮೂರ್ತಪ್ಪನ ಮೈಕ್ ಸೆಟ್ ಇದೆ, ಪ್ರತಿ ಕಾರ್ಯಕ್ರಮದಲ್ಲೂ ಅವನು ವೇದಿಕೆಯ ಮುಂದೆ ಜನರ ನಡುವೆ ಯಾವ ಸ್ಪೀಕರಿಗೂ ಹೋಗದ ಒಂದು ಮೈಕನ್ನು ರೆಕಾರ್ಡಿಂಗಿಗೆಂದೇ ಇಡುತ್ತಾನೆ. ನೂರ ಹದಿನಾಲ್ಕು ಕ್ಯಾಸೆಟ್ಟುಗಳು ಅಟ್ಟದ ಮೇಲಿವೆ; ನೂರ ಹದಿನೈದನೆಯದಾಗಿ ಐಮಂಗಲದ ಪ್ರತಿ ಸೇರಿದೆ. ಮೂಲ ಕ್ಯಾಸೆಟ್ ಹುಲಿಗೆಮ್ಮನ ಟ್ರಂಕಿನಲ್ಲಿದೆ. ಲಕ್ಷ್ಮೀಕಾಂತ್ ಹೊಳಲ್ಕೆರೆಯ ಪಶು ಆಸ್ಪತ್ರೆಯಲ್ಲಿ ಕೆಲಸದಲ್ಲಿದ್ದಾನೆ, ನಿವೃತ್ತಿಗೆ ಇನ್ನು ಕೆಲವು ವರ್ಷಗಳಿವೆ. ಗಿಟಾರು ಬೀರುವಿನ ಮೇಲೆ ತಂತಿ ಸಡಿಲಿಸಿ ಇಟ್ಟಂತೆಯೇ ಇದೆ. ಅವನು ನುಡಿಸಿದ್ದರಲ್ಲಿ ಉಳಿದಿರುವುದು ಒಂಬತ್ತು ನಿಮಿಷ ನಲವತ್ತು ಸೆಕೆಂಡು. ಲಾರಿಯ ಕೊನೆಯ ಭಾಗ ಯಾವ ಕ್ಯಾಸೆಟ್ಟಿನಲ್ಲೂ ಇಲ್ಲ.